ನೆತ್ತಿಗೆ ಹತ್ತುವ ಮುನ್ನ: ನುಂಗಲು ಕಷ್ಟಪಡುವ ರೋಗಿಯ ತಪಾಸಣೆ ಮತ್ತು ಆರೈಕೆ

ಊಟದ ನಡುವೆ ಯಾರಿಗಾದರೂ ಕೆಮ್ಮು ಉಕ್ಕಿ ಬಂದರೆ ನಮ್ಮ ಮನೆಗಳಲ್ಲಿ ‘ನೆತ್ತಿಗೆ ಹತ್ತಿತು’ ಎನ್ನುತ್ತೇವೆ, ನೆತ್ತಿ ತಟ್ಟುತ್ತೇವೆ, ಯಾರೋ ನೆನೆಸಿಕೊಂಡಿರಬೇಕು ಎಂದು ನಗುತ್ತೇವೆ. ಆರೋಗ್ಯವಂತರಲ್ಲಿ ವಿಷಯ ಅಲ್ಲಿಗೇ ಮುಗಿಯುತ್ತದೆ. ಆದರೆ ಪಾರ್ಶ್ವವಾಯು ಬಡಿದು ಮಲಗಿರುವ ಅಜ್ಜನಿಗೆ ದಿನಕ್ಕೆ ನಾಲ್ಕು ಸಲ ನೆತ್ತಿಗೆ ಹತ್ತುತ್ತಿದೆ ಎಂದರೆ, ಅನ್ನವೋ ನೀರೋ ಶ್ವಾಸನಾಳದ ಬಾಗಿಲಿಗೆ ಬಂದು ತಟ್ಟುತ್ತಿದೆ ಎಂದೇ ಅರ್ಥ. ಕೆಮ್ಮು ಅದನ್ನು ಹೊರದೂಡುವ ಕಾವಲು. ಆ ಕಾವಲೂ ಇಲ್ಲದೆ, ಒಂದು ಸಲವೂ ಕೆಮ್ಮದೆ, ಆಹಾರವನ್ನು ಶ್ವಾಸಕೋಶಕ್ಕೆ ಇಳಿಸಿಕೊಳ್ಳುವ ರೋಗಿಗಳೂ ಇದ್ದಾರೆ; ಅವರ ತೊಂದರೆ ಬೆಳಕಿಗೆ ಬರುವುದು ಎಷ್ಟೋ ವೇಳೆ ನ್ಯುಮೋನಿಯಾ ಆದ ಮೇಲೆಯೇ.

ಈ ಬರಹವು ಶಿವಮೊಗ್ಗ ಮತ್ತು ಸುತ್ತಲಿನ ಮಲೆನಾಡಿನ ತಾಲ್ಲೂಕು ಆಸ್ಪತ್ರೆಗಳಲ್ಲಿ ಕೆಲಸ ಮಾಡುವ ಕಿರಿಯ ವೈದ್ಯರು ಮತ್ತು ನರ್ಸುಗಳಿಗಾಗಿ ಹಾಗೂ ಮನೆಯಲ್ಲಿ ತುತ್ತು ಕೊಡುವವರಿಗಾಗಿ ಬರೆದದ್ದು. ಇದರಲ್ಲಿ ಹೇಳಬೇಕಾದ ಮುಖ್ಯ ಮಾತನ್ನು ಮೊದಲೇ ಹೇಳಿಬಿಡುತ್ತೇನೆ. ‘ನುಂಗಲು ಆಗದವರಿಗೆ ತೆಳ್ಳಗಿರುವುದನ್ನು ಕೊಡಬೇಕು’ ಎಂಬುದು ನಮ್ಮಲ್ಲಿ ಬೇರೂರಿರುವ ನಂಬಿಕೆ. ಅನ್ನನಾಳ ಕಿರಿದಾದವರಿಗೆ ಅದು ಸರಿ. ನರದೌರ್ಬಲ್ಯದಿಂದ ಗಂಟಲು ಸೋತವರಿಗೆ ಅದೇ ಅಪಾಯ. ಹೀಗಾಗಿ ರೋಗಿ ಈ ಎರಡರಲ್ಲಿ ಯಾವ ಗುಂಪಿಗೆ ಸೇರಿದವರು ಎಂದು ಗೊತ್ತುಮಾಡಿಕೊಳ್ಳದೆ ಲೋಟವನ್ನಾಗಲಿ ಚಮಚವನ್ನಾಗಲಿ ಕೈಗೆತ್ತಿಕೊಳ್ಳಬಾರದು.

ನುಂಗುವಾಗ ಆಗುವುದೇನು

ಬಾಯಿ ತುತ್ತನ್ನು ಅಗಿದು, ಜೊಲ್ಲಿನೊಂದಿಗೆ ಕಲಸಿ, ಮುದ್ದೆ ಮಾಡುತ್ತದೆ. ನಾಲಿಗೆ ಅದನ್ನು ಹಿಂದಕ್ಕೆ ತಳ್ಳುತ್ತದೆ. ಅಲ್ಲಿಂದ ಮುಂದಿನದು ನಮ್ಮ ಇಚ್ಛೆಯನ್ನು ಕೇಳದೆ ನಡೆಯುತ್ತದೆ: ಅಂಗುಳದ ಹಿಂಭಾಗ ಮೇಲೆದ್ದು ಮೂಗಿನ ದಾರಿಯನ್ನು ಮುಚ್ಚುತ್ತದೆ, ಧ್ವನಿಪೆಟ್ಟಿಗೆ ಮೇಲಕ್ಕೂ ಮುಂದಕ್ಕೂ ಸರಿಯುತ್ತದೆ, ಧ್ವನಿತಂತುಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ, ಉಸಿರು ಕ್ಷಣಕಾಲ ನಿಲ್ಲುತ್ತದೆ, ಅನ್ನನಾಳದ ಮೇಲ್ಬಾಗಿಲು ತೆರೆಯುತ್ತದೆ. ಇಷ್ಟಕ್ಕೂ ಹಿಡಿಯುವ ಕಾಲ ಸುಮಾರು ಒಂದು ಸೆಕೆಂಡು. ಆಮೇಲೆ ಅನ್ನನಾಳವು ಅಲೆಯಲೆಯಾಗಿ ಹಿಂಡುತ್ತ ತುತ್ತನ್ನು ಹೊಟ್ಟೆಗೆ ತಲುಪಿಸಲು 8ರಿಂದ 20 ಸೆಕೆಂಡು ತೆಗೆದುಕೊಳ್ಳುತ್ತದೆ. ನೀರು ವೇಗವಾಗಿ ಹರಿಯುವ ವಸ್ತು. ಗಂಟಲಿನ ಬಾಗಿಲು ಅರೆ ಸೆಕೆಂಡು ತಡವಾಗಿ ಮುಚ್ಚಿದರೂ ಅದು ಒಳನುಗ್ಗುತ್ತದೆ. ಮಂದವಾದ ಆಹಾರ ನಿಧಾನವಾಗಿ ಜಾರುವುದರಿಂದ ಸೋತ ಗಂಟಲಿಗೂ ತನ್ನ ಕೆಲಸ ಮಾಡಲು ಸಮಯ ಸಿಗುತ್ತದೆ.

ಮೊದಲ ಹಂತ: ಕೇಳಿ ತಿಳಿಯುವುದು

ಅವಸರವಿಲ್ಲದೆ ಕುಳಿತು ಕೇಳಿದರೆ ತೊಂದರೆ ಗಂಟಲಿನದೋ ಅನ್ನನಾಳದ್ದೋ ಎಂಬುದು ಬಹುಪಾಲು ಮಾತಿನಲ್ಲೇ ತಿಳಿಯುತ್ತದೆ. ನುಂಗಲು ಶುರುಮಾಡುವುದೇ ಕಷ್ಟ, ನುಂಗಿದೊಡನೆ ಕೆಮ್ಮು, ಮೂಗಿನಿಂದ ನೀರು ವಾಪಸು, ಊಟದ ಮೇಲೆ ದನಿ ಒದ್ದೆಯಾಗುವುದು, ಇವು ಬಾಯಿ ಮತ್ತು ಗಂಟಲಿನ ತೊಂದರೆಯ ಸೂಚನೆಗಳು. ನುಂಗಿ ಕೆಲವು ಸೆಕೆಂಡುಗಳಾದ ಮೇಲೆ ಎದೆಯಲ್ಲಿ ಸಿಕ್ಕಿಕೊಂಡಂತಾಗುವುದು ಅನ್ನನಾಳದ ಲಕ್ಷಣ. ಆದರೆ ರೋಗಿ ಬೆರಳಿಟ್ಟು ತೋರಿಸುವ ಜಾಗವನ್ನು ಪೂರ್ತಿ ನಂಬುವಂತಿಲ್ಲ. ಅನ್ನನಾಳದ ಕೆಳತುದಿಯ ಅಡಚಣೆಯೂ ಕೆಲವರಿಗೆ ಕತ್ತಿನಲ್ಲೇ ಇದ್ದಂತೆ ಭಾಸವಾಗುತ್ತದೆ.

ಮುಂದಿನ ಪ್ರಶ್ನೆ, ತೊಂದರೆ ಯಾವುದಕ್ಕೆ ಎಂಬುದು. ಮೊದಲು ರೊಟ್ಟಿಗೆ, ತಿಂಗಳು ಕಳೆದು ಅನ್ನಕ್ಕೆ, ಈಗ ಗಂಜಿಗೂ ಎಂದರೆ ದಾರಿ ಕಿರಿದಾಗುತ್ತ ಬಂದಿದೆ. ಅದರೊಂದಿಗೆ ತೂಕವೂ ಇಳಿದಿದ್ದರೆ, ವಯಸ್ಸೂ ಆಗಿದ್ದರೆ, ಅನ್ನನಾಳದ ಕ್ಯಾನ್ಸರ್ ಅಲ್ಲವೆಂದು ಖಚಿತವಾಗುವವರೆಗೆ ಅದೇ ಎಂದು ತಿಳಿದು ತಡಮಾಡದೆ ಎಂಡೋಸ್ಕೋಪಿಗೆ ಕಳುಹಿಸಬೇಕು. ಶುರುವಿನಿಂದಲೇ ಗಟ್ಟಿಗೂ ನೀರಿಗೂ ಸಮಾನವಾದ ಕಷ್ಟವಿದ್ದರೆ ಅನ್ನನಾಳದ ಚಲನೆಯಲ್ಲೇ ದೋಷವಿರಬಹುದು. ರಕ್ತಹೀನತೆಯಿಂದ ಬಿಳಿಚಿಕೊಂಡ ಮಧ್ಯವಯಸ್ಸಿನ ಹೆಂಗಸು ಗಟ್ಟಿ ಪದಾರ್ಥ ಗಂಟಲಲ್ಲಿ ನಿಲ್ಲುತ್ತದೆ ಎಂದರೆ, ಕಬ್ಬಿಣಾಂಶದ ಕೊರತೆಯೊಂದಿಗೆ ಅನ್ನನಾಳದ ಮೇಲ್ಭಾಗದಲ್ಲಿ ತೆಳುಪೊರೆ ಬೆಳೆಯುವ ಪ್ಲಮ್ಮರ್ ವಿನ್ಸನ್ ಎಂಬ ಸ್ಥಿತಿಯನ್ನು ನೆನಪಿಸಿಕೊಳ್ಳಬೇಕು.

ಔಷಧಿಗಳ ಪಟ್ಟಿಯನ್ನು ಕೇಳದೆ ಬಿಡಬಾರದು. ನಿದ್ದೆ ಮಾತ್ರೆ ಮತ್ತು ಮನೋರೋಗದ ಕೆಲವು ಮಾತ್ರೆಗಳು ನುಂಗುವಿಕೆಯನ್ನು ಮಂದಗೊಳಿಸುತ್ತವೆ. ಬಾಯಿ ಒಣಗಿಸುವ ಔಷಧಿಗಳು ತುತ್ತು ಜಾರದಂತೆ ಮಾಡುತ್ತವೆ. ಮಳೆಗಾಲದಲ್ಲಿ ಇಲಿಜ್ವರಕ್ಕೆಂದು ಡಾಕ್ಸಿಸೈಕ್ಲಿನ್ ಪಡೆದವರು ಅದನ್ನು ಒಂದು ಗುಟುಕು ನೀರಿನಲ್ಲಿ ನುಂಗಿ ಹಾಗೆಯೇ ಮಲಗಿಬಿಟ್ಟರೆ, ಮಾತ್ರೆ ಅನ್ನನಾಳದಲ್ಲೇ ಕುಳಿತು ಹುಣ್ಣು ಮಾಡುತ್ತದೆ. ಎರಡು ದಿನಗಳಲ್ಲಿ ಶುರುವಾದ ನುಂಗುವ ನೋವಿಗೆ ಇಷ್ಟೇ ಕಾರಣವಿರಬಹುದು.

ಇನ್ನು ಅಡಿಕೆ. ನಮ್ಮ ತೋಟಗಳ ಬೆಳೆಯ ಬಗ್ಗೆ ನಮ್ಮೂರಿನಲ್ಲಿ ಇದನ್ನು ಹೇಳುವುದು ಸುಲಭವಲ್ಲ. ಆದರೂ ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನಾ ಸಂಸ್ಥೆಯು ಅಡಿಕೆಯನ್ನು ಮನುಷ್ಯರಿಗೆ ಕ್ಯಾನ್ಸರ್ ತರುವ ವಸ್ತುಗಳ ಮೊದಲ ಗುಂಪಿಗೆ ಸೇರಿಸಿದೆ. ಎಷ್ಟೋ ವರ್ಷ ಅಗಿದವರ ಕೆನ್ನೆಯ ಒಳಪದರ ನಾರುಗಟ್ಟಿ ಬಾಯಿ ತೆರೆಯದಂತಾಗುವುದು ಎಲ್ಲ ದಂತವೈದ್ಯರಿಗೂ ಗೊತ್ತಿರುವ ಸಂಗತಿ. ಆದ್ದರಿಂದ ಎಲೆಯಡಿಕೆ, ಗುಟ್ಕಾ, ಹೊಗೆಸೊಪ್ಪಿನ ಅಭ್ಯಾಸವನ್ನು ದೂಷಣೆಯ ದನಿಯಿಲ್ಲದೆ ವಿಚಾರಿಸಬೇಕು. ದೂಷಿಸುತ್ತ ಕೇಳಿದರೆ ನಿಜವಾದ ಉತ್ತರ ಸಿಗುವುದಿಲ್ಲ.

ಎರಡನೆಯ ಹಂತ: ನೋಡಿ ತಿಳಿಯುವುದು

ರೋಗಿ ಎಚ್ಚರವಾಗಿದ್ದಾರೆಯೇ, ಕತ್ತನ್ನು ನೇರವಾಗಿ ಹಿಡಿಯಬಲ್ಲರೇ, ತಮ್ಮ ಜೊಲ್ಲನ್ನು ತಾವೇ ನುಂಗುತ್ತಿದ್ದಾರೆಯೇ ಎಂದು ಮೊದಲು ಗಮನಿಸಬೇಕು. ಬಾಯಿಯೊಳಗೆ ಅವರದೇ ಮೂರು ಬೆರಳುಗಳನ್ನು ಒಂದರ ಮೇಲೊಂದು ಇಟ್ಟರೆ ಹಿಡಿಸಬೇಕು. ಹಿಡಿಸದಿದ್ದರೆ ಬಾಯಿ ಸಾಕಷ್ಟು ತೆರೆಯುತ್ತಿಲ್ಲವೆಂದು ತಿಳಿಯಬೇಕು. ಬಿಳಿ ಅಥವಾ ಕೆಂಪು ಮಚ್ಚೆ, ಮಾಯದ ಹುಣ್ಣು, ಸಡಿಲ ಹಲ್ಲು, ಕೆನ್ನೆಯ ಸಂದಿಯಲ್ಲಿ ಉಳಿದ ಬೆಳಗಿನ ಅವಲಕ್ಕಿ, ಇವೆಲ್ಲವನ್ನೂ ಟಾರ್ಚ್ ಹಿಡಿದು ಹುಡುಕಬೇಕು. ನಾಲಿಗೆಯನ್ನು ಚಾಚಿಸಿ, ‘ಆ’ ಎನ್ನಿಸಿ, ಜೋರಾಗಿ ಕೆಮ್ಮಿಸಿ ನೋಡಬೇಕು. ದುರ್ಬಲವಾದ ಕೆಮ್ಮು ಕೆಟ್ಟ ಸೂಚನೆ. ಗಂಟಲಿನ ಹಿಂಭಾಗವನ್ನು ಮುಟ್ಟಿ ಓಕರಿಕೆ ಬರಿಸುವ ಹಳೆಯ ಪರೀಕ್ಷೆಯನ್ನು ನೆಚ್ಚಿಕೊಳ್ಳಬಾರದು: ಓಕರಿಕೆ ಬಾರದ ಎಷ್ಟೋ ಆರೋಗ್ಯವಂತರು ಚೆನ್ನಾಗಿ ನುಂಗುತ್ತಾರೆ, ಓಕರಿಕೆ ಬರುವವರಲ್ಲೂ ಆಹಾರ ಶ್ವಾಸನಾಳಕ್ಕೆ ಹೋಗುತ್ತದೆ. ಉಸಿರಾಟದ ವೇಗವನ್ನೂ ಎಣಿಸಬೇಕು. ಸೌದೆ ಒಲೆಯ ಹೊಗೆಯಲ್ಲಿ ದಶಕಗಳ ಕಾಲ ಅಡುಗೆ ಮಾಡಿ ದಮ್ಮು ಹಿಡಿಸಿಕೊಂಡ ಅಮ್ಮಮ್ಮನಿಗೆ ನುಂಗಲು ಉಸಿರು ನಿಲ್ಲಿಸುವುದೇ ಕಷ್ಟವಾಗಿರುತ್ತದೆ.

ಮೂರನೆಯ ಹಂತ: ನೀರಿನ ಪರೀಕ್ಷೆ

ಪಾರ್ಶ್ವವಾಯು ಆದ ರೋಗಿಗೆ ಈ ಪರೀಕ್ಷೆ ಮುಗಿಯುವವರೆಗೆ ಬಾಯಿಯ ಮೂಲಕ ಏನನ್ನೂ ಕೊಡಬಾರದು. ಮಾತ್ರೆಯೂ ಆ ‘ಏನನ್ನೂ’ ಎಂಬುದರಲ್ಲಿ ಸೇರಿದೆ. ತೀರ್ಥಹಳ್ಳಿಯ ಕಡೆಯಿಂದಲೋ ಹೊಸನಗರದ ಕಡೆಯಿಂದಲೋ ಘಟ್ಟದ ತಿರುವುಗಳಲ್ಲಿ ಜೀಪಿನಲ್ಲಿ ಕರೆತರುವಾಗ, ಗಂಟಲು ಒಣಗಿದೆ ಎಂದು ಮಲಗಿದ ರೋಗಿಯ ಬಾಯಿಗೆ ನೀರೋ ಕಾಫಿಯೋ ಹನಿಸುವುದು ಪ್ರೀತಿಯಿಂದಲೇ, ಆದರೆ ಆಸ್ಪತ್ರೆ ತಲುಪುವಷ್ಟರಲ್ಲಿ ಅದು ಶ್ವಾಸಕೋಶದಲ್ಲಿರಬಹುದು.

ಪರೀಕ್ಷೆಗೆ ಮೊದಲು ರೋಗಿಯ ಬಾಯಿಯನ್ನು ಸ್ವಚ್ಛಗೊಳಿಸಿ ನೇರವಾಗಿ ಕೂರಿಸಬೇಕು. ಎಚ್ಚರವಿಲ್ಲದವರಿಗೆ, ಜೊಲ್ಲನ್ನೇ ನುಂಗದವರಿಗೆ, ಏದುಸಿರು ಬಿಡುತ್ತಿರುವವರಿಗೆ ಇದನ್ನು ಮಾಡಲೇಬಾರದು. ಒಂದು ಟೀ ಚಮಚ, ಅಂದರೆ 5 ಮಿಲಿಲೀಟರ್ ನೀರನ್ನು ಕೊಟ್ಟು, ಗಂಟಲ ಗಂಟಿನ ಮೇಲೆ ಎರಡು ಬೆರಳುಗಳನ್ನು ಹಗುರವಾಗಿ ಇಟ್ಟು ಅದು ಮೇಲೇರುತ್ತದೆಯೇ ಎಂದು ನೋಡಬೇಕು. ನುಂಗಿದ ಮೇಲೆ ಹೆಸರು ಹೇಳಿಸಬೇಕು. ಹೀಗೆ ಮೂರು ಸಲ ಮಾಡಿದಾಗಲೂ ಕೆಮ್ಮು ಬಾರದೆ, ದನಿ ಗುಳುಗುಳು ಆಗದೆ ಇದ್ದರೆ 90 ಮಿಲಿಲೀಟರ್ ನೀರನ್ನು ಲೋಟದಲ್ಲಿ ಕೊಟ್ಟು ನಿಲ್ಲಿಸದೆ ಕುಡಿಯಲು ಹೇಳಬೇಕು. ನಡುವೆ ನಿಲ್ಲಿಸಿದರೆ, ಕುಡಿಯುವಾಗ ಅಥವಾ ಆಮೇಲೆ ಒಂದು ನಿಮಿಷದೊಳಗೆ ಕೆಮ್ಮಿದರೆ, ದನಿ ಒದ್ದೆಯಾದರೆ ಪರೀಕ್ಷೆಯಲ್ಲಿ ತೇರ್ಗಡೆಯಿಲ್ಲ. ತೇರ್ಗಡೆಯಾಗದ ಎಲ್ಲರಿಗೂ ನೀರು ಶ್ವಾಸನಾಳಕ್ಕೆ ಹೋಗುತ್ತಿದೆ ಎಂದೇನೂ ಅಲ್ಲ; ಈ ಪರೀಕ್ಷೆ ಬೇಕೆಂತಲೇ ಅತಿ ಎಚ್ಚರಿಕೆಯದು.

2007ರಲ್ಲಿ ಪ್ರಕಟವಾದ ಗುಗಿಂಗ್ ಎಂಬ 20 ಅಂಕಗಳ ಪರೀಕ್ಷೆಯ ಕ್ರಮ ಬೇರೆ. ಅದರಲ್ಲಿ ಮೊದಲು ಮಂದ ಆಹಾರ, ಅದು ಸರಾಗವಾದರೆ ನೀರು, ಕೊನೆಗೆ ಗಟ್ಟಿ ಪದಾರ್ಥ. ಪಾರ್ಶ್ವವಾಯು ರೋಗಿಗಳಿಗೆ ಈ ಕ್ರಮವೇ ಹೆಚ್ಚು ಸೂಕ್ತವೆಂದು ನನ್ನ ಅಭಿಪ್ರಾಯ, ಏಕೆಂದರೆ ನೀರು ಆಗದಿದ್ದರೂ ಏನು ಆಗುತ್ತದೆ ಎಂಬುದನ್ನು ಅದು ಅಂದೇ ಹೇಳುತ್ತದೆ. ರಕ್ತದ ಆಮ್ಲಜನಕವನ್ನು ತೋರಿಸಲು ಬೆರಳಿಗೆ ಹಾಕಿದ ಪಲ್ಸ್ ಆಕ್ಸಿಮೀಟರಿನ ಅಂಕಿ ಇಳಿಯಲಿಲ್ಲ ಎಂದು ಸಮಾಧಾನ ಪಡುವುದು ಮಾತ್ರ ತಪ್ಪು; ಅದೊಂದನ್ನೇ ನಂಬಿ ತೀರ್ಮಾನಿಸುವಂತಿಲ್ಲ.

ಕೆಮ್ಮದೆ ಒಳಸೇರುವ ಆಹಾರವನ್ನು ಹಾಸಿಗೆಯ ಪಕ್ಕದ ಯಾವ ಪರೀಕ್ಷೆಯೂ ಖಚಿತವಾಗಿ ಹಿಡಿಯಲಾರದು. ಮತ್ತೆಮತ್ತೆ ಜ್ವರ, ಬಲ ಶ್ವಾಸಕೋಶದ ಕೆಳಭಾಗದಲ್ಲಿ ಸೋಂಕು, ಕಾರಣ ತಿಳಿಯದ ತೂಕನಷ್ಟ ಇದ್ದರೆ ಎರಡು ದಾರಿಗಳಿವೆ. ಬೇರಿಯಂ ಬೆರೆಸಿದ ಆಹಾರವನ್ನು ನುಂಗಿಸುತ್ತ ಎಕ್ಸ್‌ರೇ ಚಲನಚಿತ್ರ ತೆಗೆಯುವುದು ಒಂದು. ಮೂಗಿನ ಮೂಲಕ ತೆಳುವಾದ ಎಂಡೋಸ್ಕೋಪ್ ಇಳಿಸಿ, ನುಂಗುವಾಗ ಗಂಟಲನ್ನು ಮೇಲಿನಿಂದ ನೋಡುವುದು ಇನ್ನೊಂದು. ಎರಡನೆಯದನ್ನು ಇ.ಎನ್.ಟಿ. ವೈದ್ಯರು ಮತ್ತು ಸ್ಪೀಚ್ ಥೆರಪಿಸ್ಟ್ ಕೂಡಿ ರೋಗಿಯ ಹಾಸಿಗೆಯಲ್ಲೇ ಮಾಡಬಹುದು. ಸ್ಪೀಚ್ ಥೆರಪಿಸ್ಟ್ ಎಂದರೆ ಮಾತು ಕಲಿಸುವವರು ಮಾತ್ರ ಎಂಬ ಭಾವನೆ ಆಸ್ಪತ್ರೆಗಳಲ್ಲೂ ಇದೆ; ನುಂಗುವಿಕೆಯ ಚಿಕಿತ್ಸೆ ಅವರದೇ ಕ್ಷೇತ್ರ, ಮೈಸೂರಿನ ಅಖಿಲ ಭಾರತ ವಾಕ್ ಮತ್ತು ಶ್ರವಣ ಸಂಸ್ಥೆಯಲ್ಲಿ ಅದರ ಸೌಲಭ್ಯವಿದೆ.

ನಾಲ್ಕನೆಯ ಹಂತ: ಆಹಾರದ ಹದ

ಇಲ್ಲಿ ಸ್ವಲ್ಪ ಹೆಚ್ಚು ಹೊತ್ತು ನಿಲ್ಲಬೇಕು, ಏಕೆಂದರೆ ಮಲೆನಾಡಿನ ಅಡುಗೆಮನೆಯಲ್ಲಿ ರೋಗಿಗೆ ಒಳ್ಳೆಯದೆಂದು ಎಣಿಸುವ ಪದಾರ್ಥಗಳೇ ಹಲವು ಸಲ ತೊಡಕಿನವು. ‘ಬರೀ ನೀರ್‌ ಗಂಜಿ ಕೊಡ್ತಿದೀವಿ, ಅದೂ ಒಳಲೆಯಲ್ಲಿ’ ಎಂದು ಮನೆಯವರು ಹೇಳಿದಾಗ ನನಗೆ ಎರಡು ಪಟ್ಟು ಆತಂಕವಾಗುತ್ತದೆ. ಕುಚ್ಚಲಕ್ಕಿ ಗಂಜಿಯಲ್ಲಿ ತೆಳುವಾದ ತಿಳಿಯೂ ಬಿಡಿಬಿಡಿಯಾದ ಅಗುಳೂ ಒಟ್ಟಿಗಿರುತ್ತವೆ: ಬಾಯಿ ಅಗುಳನ್ನು ಅಗಿಯುತ್ತಿರುವಾಗಲೇ ತಿಳಿ ಗಂಟಲಿಗೆ ಹರಿದುಬಿಡುತ್ತದೆ. ಸಾರನ್ನ, ಮಜ್ಜಿಗೆ ಅನ್ನ, ಹಾಲಿನಲ್ಲಿ ನೆನೆಸಿದ ಅವಲಕ್ಕಿ, ಎಲ್ಲಕ್ಕೂ ಇದೇ ಮಾತು. ಒಳಲೆಯಂತೂ ಹಾಲುಗೂಸಿನ ಸಾಧನ; ಅದು ನಾಲಿಗೆಯನ್ನು ದಾಟಿಸಿ ದ್ರವವನ್ನು ನೇರವಾಗಿ ಹಿಂದಕ್ಕೆ ಸುರಿಯುವುದರಿಂದ, ನುಂಗಲು ಸಿದ್ಧವಾಗುವ ಅವಕಾಶವೇ ರೋಗಿಗೆ ಇರುವುದಿಲ್ಲ. ಒಳಲೆಯನ್ನು ಕಪಾಟಿನಲ್ಲೇ ಇಡಿ.

ಹದವನ್ನು ಅಳೆಯಲು ಐ.ಡಿ.ಡಿ.ಎಸ್.ಐ. ಎಂಬ ಅಂತರರಾಷ್ಟ್ರೀಯ ಪದ್ಧತಿಯಿದೆ; 0ಯಿಂದ 7ರವರೆಗೆ ಎಂಟು ಮಟ್ಟಗಳು. ದ್ರವದ ಮಟ್ಟವನ್ನು 10 ಮಿಲಿಲೀಟರಿನ ಸಿರಿಂಜಿನಿಂದಲೇ ತಿಳಿಯಬಹುದು. ಸೂಜಿ ತೆಗೆದು, ದಂಡವನ್ನು ಹೊರಗೆಳೆದು, ಕೆಳಗಿನ ತೂತನ್ನು ಬೆರಳಿನಿಂದ ಮುಚ್ಚಿ, 10ರ ಗೆರೆಯವರೆಗೆ ದ್ರವ ತುಂಬಿ, ಬೆರಳು ತೆಗೆದು 10 ಸೆಕೆಂಡು ಹರಿಯಲು ಬಿಟ್ಟು ಮತ್ತೆ ಮುಚ್ಚಬೇಕು. 1 ಮಿಲಿಲೀಟರಿಗಿಂತ ಕಡಿಮೆ ಉಳಿದರೆ ಅದು ನೀರಿನ ಮಟ್ಟ, ಸೊನ್ನೆ. 1ರಿಂದ 4 ಉಳಿದರೆ ಮೊದಲನೆಯ ಮಟ್ಟ, 4ರಿಂದ 8 ಉಳಿದರೆ ಎರಡನೆಯದು, 8ಕ್ಕಿಂತ ಹೆಚ್ಚು ಉಳಿದೂ ಅಷ್ಟಿಷ್ಟು ಹರಿದಿದ್ದರೆ ಮೂರನೆಯದು; ಏನೂ ಹರಿಯದಿದ್ದರೆ ನಾಲ್ಕು. ಎಲ್ಲ ಕಂಪನಿಗಳ ಸಿರಿಂಜೂ ಒಂದೇ ಅಳತೆಯವಲ್ಲ. ಸೊನ್ನೆಯ ಗೆರೆಯಿಂದ 10ರ ಗೆರೆಗೆ 61.5 ಮಿಲಿಮೀಟರ್ ಇರುವುದನ್ನೇ ಬಳಸಬೇಕು.

ರಾಗಿ ಹಿಟ್ಟಿನ ಅಂಬಲಿ, ಸೋಸಿದ ಅಕ್ಕಿಹಿಟ್ಟಿನ ಗಂಜಿ, ಕಡೆದ ಗಟ್ಟಿ ಮೊಸರು ಇವುಗಳನ್ನು ಬೇಕಾದ ಮಟ್ಟಕ್ಕೆ ತರುವುದು ಸುಲಭ. ಎರಡು ಎಚ್ಚರಿಕೆಗಳು ಮಾತ್ರ ಬೇಕು. ರಾಗಿ ಆರಿದಂತೆಲ್ಲ ಗಟ್ಟಿಯಾಗುತ್ತದೆ, ಆದ್ದರಿಂದ ಕುಡಿಸುವ ಬಿಸಿಯಲ್ಲೇ ಸಿರಿಂಜಿನ ಪರೀಕ್ಷೆ ಮಾಡಬೇಕು. ಹಿಟ್ಟಿನಿಂದ ಮಂದ ಮಾಡಿದ್ದನ್ನು ಜೊಲ್ಲು ಕರಗಿಸಿ ತೆಳ್ಳಗೆ ಮಾಡುತ್ತದೆ, ಆದ್ದರಿಂದ ಬಾಯಿಗೆ ಹೋದ ಚಮಚವನ್ನು ಬಟ್ಟಲಿಗೆ ಮತ್ತೆ ಮತ್ತೆ ಅದ್ದಿದರೆ ಬಟ್ಟಲಿನ ಹದ ಅರ್ಧ ಗಂಟೆಯಲ್ಲಿ ಬದಲಾಗಿರುತ್ತದೆ. ತಂಬುಳಿಯನ್ನು ಪೂರ್ತಿ ಬಿಡಬೇಕಾಗಿಲ್ಲ. ಸೊಪ್ಪನ್ನು ನುಣ್ಣಗೆ ರುಬ್ಬಿ ಸೋಸಿ, ನೀರು ಮಜ್ಜಿಗೆಯ ಬದಲು ಮೊಸರಿನಲ್ಲಿ ಕಲಸಿದರೆ ಒಂದೆಲಗದ ರುಚಿ ಉಳಿಯುತ್ತದೆ. ತಿಂಗಳುಗಟ್ಟಲೆ ಸಪ್ಪೆ ಗಂಜಿ ತಿಂದ ರೋಗಿಗೆ ಆ ರುಚಿಯ ಬೆಲೆ ಗೊತ್ತು.

ಅಗಿಯಬಲ್ಲವರಿಗೆ ಅನ್ನವನ್ನು ಮೆತ್ತಗೆ ಬೇಯಿಸಿ, ಮಂದವಾದ ತೊವ್ವೆ ಅಥವಾ ಗೊಜ್ಜಿನಲ್ಲಿ ಹಿಸುಕಿ ಕಲಸಬೇಕು. ಐದನೆಯ ಮಟ್ಟದಲ್ಲಿ ಚೂರುಗಳು 4 ಮಿಲಿಮೀಟರಿಗಿಂತ ದೊಡ್ಡದಿರಬಾರದು, ತುತ್ತು ಬಿಡಿಬಿಡಿಯಾಗಲೂಬಾರದು, ಅಂಟಂಟಾಗಲೂಬಾರದು. ಅಂಟುವ ಕಡುಬು, ಒಣ ಅಕ್ಕಿರೊಟ್ಟಿ, ನಾರಿನ ಹಲಸಿನ ತೊಳೆ, ಚಕ್ಕುಲಿ ಇವುಗಳನ್ನು ಸದ್ಯಕ್ಕೆ ದೂರವಿಡಬೇಕು.

ಮಂದ ಮಾಡಿದ ದ್ರವವೇ ಎಲ್ಲಕ್ಕೂ ಮದ್ದು ಎಂದೂ ತಿಳಿಯಬಾರದು. ರೋಗಿಗಳು ಅದನ್ನು ಇಷ್ಟಪಡುವುದಿಲ್ಲ, ಕಡಿಮೆ ಕುಡಿಯುತ್ತಾರೆ, ಮೈಯಲ್ಲಿ ನೀರು ಕಡಿಮೆಯಾಗುತ್ತದೆ. ತೀರಾ ಗಟ್ಟಿ ಮಾಡಿದರೆ ಗಂಟಲಿನ ಮಡಿಕೆಗಳಲ್ಲಿ ಉಳಿದು ಆಮೇಲೆ ಜಾರುತ್ತದೆ. ಸುರಕ್ಷಿತವಾಗಿ ನುಂಗಲು ಬರುವ ಅತ್ಯಂತ ತೆಳುವಾದ ಹದ ಯಾವುದೋ ಅದನ್ನೇ ಆರಿಸಬೇಕು.

ಐದನೆಯ ಹಂತ: ಕೂರಿಸುವುದು, ಉಣ್ಣಿಸುವುದು

ಬೆನ್ನು ನೇರ, ಪಾದಕ್ಕೆ ಆಸರೆ, ತೊಡೆ ಮತ್ತು ಸೊಂಟದ ನಡುವೆ ಲಂಬಕೋನ. ಉಣ್ಣಿಸುವವರು ರೋಗಿಯ ಎದುರಿಗೆ ಅವರ ಕಣ್ಣಿನ ಮಟ್ಟದಲ್ಲಿ ಕೂರಬೇಕು; ನಿಂತು ಉಣ್ಣಿಸಿದರೆ ರೋಗಿ ಕತ್ತೆತ್ತುತ್ತಾರೆ, ಎತ್ತಿದ ಕತ್ತು ಶ್ವಾಸನಾಳದ ದಾರಿಯನ್ನು ತೆರೆಯುತ್ತದೆ. ಅರ್ಧ ಚಮಚದಿಂದ ಒಂದು ಚಮಚ ಮಾತ್ರ, ಅದೂ ಗಂಟಲ ಗಂಟು ಏರಿ ಇಳಿದದ್ದನ್ನು ಕಂಡ ಮೇಲೆಯೇ ಮುಂದಿನದು. ಟಿ.ವಿ. ಆರಿಸಬೇಕು. ತುತ್ತು ಬಾಯಲ್ಲಿರುವಾಗ ಮಾತಾಡಿಸಬಾರದು. ಊಟವಾದ ಮೇಲೆ ಅರ್ಧ ಗಂಟೆ ಕೂತೇ ಇರಬೇಕು.

ಗದ್ದವನ್ನು ಎದೆಯ ಕಡೆಗೆ ಬಾಗಿಸಿ ನುಂಗುವುದು ಹಲವರಿಗೆ ನೆರವಾಗುತ್ತದೆ, ಕೆಲವರಿಗೆ ತೊಂದರೆಯನ್ನೇ ಹೆಚ್ಚಿಸುತ್ತದೆ; ಆದ್ದರಿಂದ ಎಲ್ಲರಿಗೂ ಒಂದೇ ಸಲಹೆ ಸಲ್ಲದು. ಗಂಟಲಿನ ಒಂದು ಬದಿ ಸೋತಿದ್ದರೆ ಮುಖವನ್ನು ಸೋತ ಬದಿಗೆ ತಿರುಗಿಸಿ ನುಂಗಿಸಿದಾಗ ಆಹಾರ ಗಟ್ಟಿಯಿರುವ ಬದಿಯಿಂದ ಇಳಿಯುತ್ತದೆ.

ಬಾಯಿಯ ಸ್ವಚ್ಛತೆಯನ್ನು ಶೃಂಗಾರವೆಂದು ಎಣಿಸಬೇಡಿ. ಶ್ವಾಸಕೋಶಕ್ಕೆ ಇಳಿಯುವ ಜೊಲ್ಲಿನೊಂದಿಗೆ ಬಾಯಿಯ ರೋಗಾಣುಗಳೂ ಇಳಿಯುತ್ತವೆ. ದಿನಕ್ಕೆ ಎರಡು ಮೂರು ಸಲ ಮೆತ್ತನೆಯ ಬ್ರಷ್‌ನಿಂದ ಹಲ್ಲು, ನಾಲಿಗೆ, ಕೆನ್ನೆಯ ಸಂದಿಗಳನ್ನು ಉಜ್ಜಿದರೆ ನ್ಯುಮೋನಿಯಾ ತಗ್ಗುತ್ತದೆ. ಮೂಗಿನ ಪೈಪು ಹಾಕಿದವರಿಗೂ ಇದು ಬೇಕು, ಅವರಲ್ಲೇ ಇದನ್ನು ಹೆಚ್ಚಾಗಿ ಮರೆಯುತ್ತಾರೆ. ಕಟ್ಟುಹಲ್ಲನ್ನು ರಾತ್ರಿ ತೆಗೆದಿಡಬೇಕು.

ಮಾತ್ರೆಗಳನ್ನು ಪುಡಿ ಮಾಡುವ ಮುನ್ನ ಔಷಧಿ ಅಂಗಡಿಯವರನ್ನೋ ವೈದ್ಯರನ್ನೋ ಕೇಳಲೇಬೇಕು. ನಿಧಾನವಾಗಿ ಬಿಡುಗಡೆಯಾಗುವಂತೆ ಮಾಡಿದ ಮಾತ್ರೆಯನ್ನು ಪುಡಿ ಮಾಡಿದರೆ ಇಡೀ ದಿನದ ಔಷಧಿ ಒಮ್ಮೆಗೇ ಮೈಗೆ ಸೇರುತ್ತದೆ. ಪಾರ್ಕಿನ್ಸನ್ ರೋಗಿಗಳಿಗೆ ಆ ರೋಗದ ಔಷಧಿಯಾದ ಲೆವೊಡೋಪಾ ಕೆಲಸ ಮಾಡುತ್ತಿರುವ ವೇಳೆಗೇ ಊಟ ಬರುವಂತೆ ಹೊತ್ತು ಹೊಂದಿಸಿದರೆ, ಬೇರೆ ಯಾವ ಉಪಾಯವೂ ಇಲ್ಲದೆ ನುಂಗುವುದು ಸುಧಾರಿಸುವುದುಂಟು.

ವ್ಯಾಯಾಮಗಳ ವಿಷಯ ಚುಟುಕಾಗಿ: ಬಲವಾಗಿ ಹಿಂಡಿ ನುಂಗುವುದು, ನುಂಗುವಾಗ ಮೇಲೇರಿದ ಗಂಟಲ ಗಂಟನ್ನು ಎರಡು ಮೂರು ಸೆಕೆಂಡು ಅಲ್ಲೇ ಹಿಡಿಯುವುದು, ಅಂಗಾತ ಮಲಗಿ ಭುಜ ಎತ್ತದೆ ತಲೆ ಮಾತ್ರ ಎತ್ತಿ ಕಾಲ್ಬೆರಳು ನೋಡುವುದು. ಇವನ್ನು ಥೆರಪಿಸ್ಟ್ ಒಮ್ಮೆ ಕಲಿಸಬೇಕು, ವಾರಗಟ್ಟಲೆ ಮಾಡಬೇಕು. ಕತ್ತಿನ ಮೂಳೆಯ ತೊಂದರೆಯಿರುವವರಿಗೆ ಮೂರನೆಯದು ಬೇಡ. ದಣಿದಷ್ಟೂ ಸ್ನಾಯು ಸೋಲುವ ಕಾಯಿಲೆಗಳಲ್ಲಿ ಯಾವುದನ್ನೂ ಕೇಳದೆ ಮಾಡಿಸಬಾರದು.

ಮೂಗಿನ ಪೈಪು ಮತ್ತು ಆಮೇಲೆ

ಬಾಯಿಯಿಂದ ಸಾಕಷ್ಟು ಹೋಗದಿದ್ದರೆ ಮೂಗಿನಿಂದ ಹೊಟ್ಟೆಗೆ ಇಳಿಸುವ ಪೈಪು, ಅಂದರೆ ರೈಲ್ಸ್ ಟ್ಯೂಬ್ ಬೇಕಾಗುತ್ತದೆ. ಅದನ್ನು ಸೋಲೆಂದು ಭಾವಿಸಿ ತಳ್ಳಿಹಾಕುವ ಮನೆಯವರಿಗೆ, ಪಾರ್ಶ್ವವಾಯು ರೋಗಿಗಳಲ್ಲಿ ಎಷ್ಟೋ ಜನರಿಗೆ ಮೊದಲ ಕೆಲವು ವಾರಗಳಲ್ಲೇ ನುಂಗುವ ಶಕ್ತಿ ಮರಳುತ್ತದೆ ಎಂದು ವಿವರಿಸಬೇಕು. ಟ್ಯೂಬ್ ಹೊಟ್ಟೆಯಲ್ಲಿದೆ ಎಂಬುದನ್ನು ಎಕ್ಸ್‌ರೇಯಿಂದ, ಅಥವಾ ಹೀರಿ ತೆಗೆದ ದ್ರವದ ಆಮ್ಲತೆಯನ್ನು ತೋರುವ ಪಿ.ಎಚ್. ಅಂಕಿ 5.5 ಅಥವಾ ಅದಕ್ಕಿಂತ ಕಡಿಮೆಯಿದೆಯೆಂದು ನೋಡಿ ಖಚಿತಪಡಿಸಿಕೊಳ್ಳಬೇಕು. ಗಾಳಿ ಊದಿ ಸ್ಟೆತೊಸ್ಕೋಪಿನಲ್ಲಿ ಸದ್ದು ಕೇಳುವ ರೂಢಿಯನ್ನು ನಂಬಬಾರದು. ಕೊಡುವಾಗ ತಲೆಯ ಕಡೆ 30ರಿಂದ 45 ಡಿಗ್ರಿ ಎತ್ತರವಿರಬೇಕು. ಟ್ಯೂಬ್ ಇದ್ದ ಮಾತ್ರಕ್ಕೆ ಜೊಲ್ಲು ಶ್ವಾಸನಾಳಕ್ಕೆ ಇಳಿಯುವುದು ನಿಲ್ಲುವುದಿಲ್ಲ. ನಾಲ್ಕು ವಾರಗಳಿಗಿಂತ ಹೆಚ್ಚು ಕಾಲ ಬೇಕೆನಿಸಿದರೆ ಹೊಟ್ಟೆಗೇ ನೇರವಾಗಿ ನಳಿಕೆ ಇಡಿಸುವ ಬಗ್ಗೆ ಚರ್ಚಿಸಬೇಕು.

ಮನೆಗೆ ಹೋದ ಮೇಲೆ ವಾರಕ್ಕೊಮ್ಮೆ ತೂಕ ನೋಡಬೇಕು. ತಕ್ಕಡಿಯಿಲ್ಲದ ಮನೆಯಲ್ಲಿ ಪಡಿತರ ಅಂಗಡಿಯದಾದರೂ ಆದೀತು. ಜ್ವರ, ಹೊಸ ಕಫ, ಊಟಕ್ಕೆ ಅರ್ಧ ಗಂಟೆಗಿಂತ ಹೆಚ್ಚು ಹಿಡಿಯುವುದು, ಮೂತ್ರ ಕಡಿಮೆಯಾಗಿ ಗಾಢವಾಗುವುದು, ಇವುಗಳಲ್ಲಿ ಯಾವುದು ಕಂಡರೂ ಮರುತಪಾಸಣೆಗೆ ಬರಬೇಕು. ತುತ್ತು ಪೂರ್ತಿ ಅಡ್ಡಸಿಕ್ಕಿ ಉಸಿರೂ ದನಿಯೂ ನಿಂತರೆ ನೆತ್ತಿ ತಟ್ಟುವುದರಿಂದ ಪ್ರಯೋಜನವಿಲ್ಲ: ಮುಂದಕ್ಕೆ ಬಾಗಿಸಿ ಭುಜಗಳ ನಡುವೆ ಅಂಗೈಯಿಂದ ಐದು ಸಲ ಬಲವಾಗಿ ಹೊಡೆಯಬೇಕು. ಆಗದಿದ್ದರೆ ಹಿಂದಿನಿಂದ ತಬ್ಬಿ, ಹೊಕ್ಕುಳಿಗಿಂತ ತುಸು ಮೇಲೆ ಮುಷ್ಟಿಯಿಟ್ಟು ಒಳಕ್ಕೂ ಮೇಲಕ್ಕೂ ಐದು ಸಲ ಒತ್ತಬೇಕು. ಎರಡನ್ನೂ ಹೀಗೆ ಸರದಿಯಲ್ಲಿ ಮಾಡುತ್ತಿರಬೇಕು, ಇನ್ನೊಬ್ಬರು 108ಕ್ಕೆ ಕರೆ ಮಾಡಬೇಕು.

ಕೊನೆಯ ದಿನಗಳ ರೋಗಿಗೆ ಈ ನಿಯಮಗಳೆಲ್ಲ ಸಡಿಲವಾಗುತ್ತವೆ. ಅಲ್ಲಿ ಕ್ಯಾಲೊರಿ ಲೆಕ್ಕಕ್ಕಿಂತ ನೆಮ್ಮದಿ ಮುಖ್ಯ. ಅಪಾಯವನ್ನು ಮನೆಯವರಿಗೆ ತಿಳಿಸಿ, ರೋಗಿ ಬಯಸಿದ್ದನ್ನು ಬಯಸಿದಷ್ಟು ಕೊಡುವುದು ತಪ್ಪಲ್ಲ. ಬಾಯಿಗೆ ತುಳಸಿ ನೀರು ಬಿಡಬೇಕೆಂದು ಮಕ್ಕಳು ಕೇಳಿದಾಗ ಬೇಡವೆನ್ನಬೇಕಾಗಿಲ್ಲ. ಚಮಚದಿಂದ ಸುರಿಯುವ ಬದಲು ಸ್ವಚ್ಛವಾದ ಹತ್ತಿಬಟ್ಟೆಯನ್ನು ಆ ನೀರಿನಲ್ಲಿ ಅದ್ದಿ, ಹಿಂಡಿ, ತಲೆಯನ್ನು ಪಕ್ಕಕ್ಕೆ ವಾಲಿಸಿ ತುಟಿ ಮತ್ತು ನಾಲಿಗೆಯ ಮೇಲೆ ಸವರಿದರೆ ಬಾಯಿ ತಂಪಾಗುತ್ತದೆ, ಹೆಚ್ಚಾದದ್ದು ಕೆನ್ನೆಯಿಂದ ಹೊರಗೆ ಹರಿದುಹೋಗುತ್ತದೆ.